ಗಾಡಿಯ ಸಿಳ್ಳು

ನಮ್ಮ ಗಾಡಿ ಓಣಿಯ ತಿರುವಿನಲ್ಲಿ ಸಿಳ್ಳು ಹಾಕುತ್ತಿತ್ತು. ಹಾರ್ನ್ ಅಲ್ಲ. ಏರು ಹತ್ತಲು ನನ್ನ ಗಂಡ ಆಕ್ಸಿಲರೇಟರ್ ಒತ್ತಿದಾಗ ಬಾನೆಟ್ಟಿನ ಒಳಗಿಂದ ಒಂದು ಸಣ್ಣ, ಉದ್ದನೆಯ ಸಿಳ್ಳು ಹೊರಡುತ್ತಿತ್ತು. ಗೇರು ಬದಲಿಸುವಾಗ ನಿಂತು ಮತ್ತೆ ಶುರುವಾಗುತ್ತಿತ್ತು. ಹೈದರಾಬಾದಿನ ಮೆಹದಿಪಟ್ಟಣಂ ಬಸ್ ನಿಲ್ದಾಣದ ಹಿಂದೆ, ಲಿಫ್ಟ್ ಇಲ್ಲದ ಒಂದು ಕಟ್ಟಡದ ಮೂರನೆಯ ಮಹಡಿಯಲ್ಲಿ ನಮ್ಮ ಮನೆ. ಬಸ್ಸುಗಳ ಗದ್ದಲ, ತಳ್ಳುಗಾಡಿಯವರ ಕೂಗು, ಸಂಜೆಯ ಆಜಾನ್, ಇವೆಲ್ಲವುಗಳ ನಡುವೆಯೂ ಆ ಸಿಳ್ಳು ಅಡುಗೆಮನೆಯ ಕಿಟಕಿಗೆ ಬಂದು ಮುಟ್ಟುತ್ತಿತ್ತು. ಅದು ಕೇಳಿದ ಕೂಡಲೇ ನನ್ನ ಅತ್ತೆ ಹಂಚನ್ನು ಒಲೆಯ ಮೇಲಿಟ್ಟು ಜೋಳದ ಹಿಟ್ಟಿಗೆ ಕೈ ಹಾಕುತ್ತಿದ್ದರು. ಒಂದು ರೊಟ್ಟಿ ಬೇಯುವ ಹೊತ್ತಿಗೆ ಸರಿಯಾಗಿ ಅವರ ಮಗ ಬಾಗಿಲಲ್ಲಿರುತ್ತಿದ್ದರು.

ಕೊನೆಯ ಆರೇಳು ತಿಂಗಳಲ್ಲಿ ಅವರು ಮೇಲೆ ಬರುವಷ್ಟರಲ್ಲಿ ಎರಡು ರೊಟ್ಟಿ ಬೇಯತೊಡಗಿದವು. ನಾವು ಅದನ್ನು ನೋಡಿದೆವು. ನೋಡಿ, ಎರಡನೆಯದನ್ನು ಮೊದಲನೆಯದರ ಮೇಲಿಟ್ಟು ಬಟ್ಟೆ ಮುಚ್ಚಿದೆವು, ಅಷ್ಟೇ. ಅವರು ಎರಡನೆಯ ಮಹಡಿಯ ತಿರುವಿನಲ್ಲಿ ನಿಂತು ಜೇಬಿನಲ್ಲಿ ಬೀಗದ ಕೈ ಹುಡುಕುವ ಸದ್ದು ಕೇಳುತ್ತಿತ್ತು. ಬಾಗಿಲು ತೆರೆದೇ ಇರುವಾಗ ಬೀಗದ ಕೈ ಯಾಕೆ ಎಂದು ನಾನು ಒಂದು ದಿನವೂ ಕೇಳಲಿಲ್ಲ.

ನಾವು ವಿಜಾಪುರದ ಕಡೆಯವರು. ಅವರು ಪಟಾನ್‌ಚೆರು ದಾರಿಯಲ್ಲಿರುವ ಕೇಂದ್ರ ಸರಕಾರದ ಕಾರ್ಖಾನೆಯೊಂದರಲ್ಲಿ ಫಿಟರ್ ಆಗಿದ್ದರು. ಹೈದರಾಬಾದಿನ ಗಾಡಿಗಳ ನಂಬರೆಲ್ಲ ಇನ್ನೂ ಎಪಿ ಎಂದು ಶುರುವಾಗುತ್ತಿದ್ದ ಆ ವರ್ಷಗಳಲ್ಲಿ, ಎತ್ತರದ ಮೈಯ ಒಂದು ಹಳೆಯ ಡೀಸೆಲ್ ಎಸ್‌ಯುವಿಯನ್ನು ಅವರು ಯಾರಿಂದಲೋ ಕೊಂಡು ತಂದರು. ಮೂವರು ಜೊತೆಗಾರರನ್ನು ಕೂಡಿಸಿಕೊಂಡು ಕೆಲಸಕ್ಕೆ ಹೋಗಿಬರುತ್ತಿದ್ದರು. ವರ್ಷಕ್ಕೆರಡು ಸಲ ನಮ್ಮಿಬ್ಬರನ್ನು ಊರಿಗೆ ಕರೆದೊಯ್ಯುತ್ತಿದ್ದರು. ನಮಗೆ ಮಕ್ಕಳಿರಲಿಲ್ಲ. ಹಿಂದಿನ ಸೀಟಿನ ತುಂಬ ಅತ್ತೆಯೊಬ್ಬರೇ ಕಾಲು ಚಾಚಿ ಕೂಡುತ್ತಿದ್ದರು.

ಊರಿನ ದಾರಿಯ ಏರುಗಳಲ್ಲಿ ಗಾಡಿ ಸೋಲತೊಡಗಿದಾಗ ಅವರು ಗುಜರಿ ಬಜಾರಿನಿಂದ ಒಂದು ದೊಡ್ಡ ಇಂಟರ್‌ಕೂಲರ್ ತಂದರು. ಯಾವುದೋ ದೊಡ್ಡ ಗಾಡಿಯಿಂದ ಬಿಚ್ಚಿದ್ದು. ನಮ್ಮ ಗಾಡಿಯದು ಚಿಕ್ಕದು, ಎಂಜಿನ್ನಿನ ನೆತ್ತಿಯ ಮೇಲೆಯೇ ಕುಳಿತು ಅದರ ಕಾವಿನಲ್ಲೇ ಬೇಯುತ್ತಿತ್ತು. ಇದನ್ನು ಮುಂದೆ, ರೇಡಿಯೇಟರಿನ ಎದುರಿಗೆ, ಗಾಳಿ ನೇರವಾಗಿ ಬಡಿಯುವಲ್ಲಿ ಕೂಡಿಸಬೇಕೆಂದು ಅವರ ಆಸೆ. ನಾನು ಓದಿದ್ದು ಮೆಟ್ರಿಕ್ ತನಕ. ಅದೇನು ಎಂದು ಕೇಳಿದಾಗ ನನ್ನ ಕೈಯಲ್ಲಿದ್ದ ಬಸಿಯನ್ನೇ ತೋರಿಸಿದರು.

"ಟರ್ಬೊ ಹವಾನ ಒತ್ತಿ ಒತ್ತಿ ಎಂಜಿನ್ನಿಗೆ ತುಂಬತೈತಿ. ಒತ್ತಿದ ಹವಾ ಕಾಯತೈತಿ. ಕಾಯ್ದ ಹವಾದಾಗ ಕಸುವು ಕಮ್ಮಿ. ನೀ ಚಾ ಬಸಿಗೆ ಸುರದು ಆರಸ್ತೀಯಲ್ಲ, ಹಂಗ ಇದು ನಡುವ ನಿಂತು ಆರಸತೈತಿ."

ಅದರ ಮುಖದ ತುಂಬ ಕಾಗದದಷ್ಟು ತೆಳ್ಳಗಿನ ಅಲ್ಯುಮಿನಿಯಂ ಮಡಿಕೆಗಳಿದ್ದವು. ಗ್ಯಾರೇಜಿನ ಮಿಸ್ತ್ರಿಗಳು ಅದಕ್ಕೆ ಫಿನ್ ಎನ್ನುತ್ತಾರೆ. ಗುಜರಿಯಲ್ಲಿ ಬಿದ್ದು ಬಿದ್ದು ಅವೆಲ್ಲ ಮಲಗಿಬಿಟ್ಟಿದ್ದವು. ಅವು ಎದ್ದು ನಿಲ್ಲದೆ ಗಾಳಿ ಒಳಗೆ ಹಾಯುವುದಿಲ್ಲ. ಭಾನುವಾರ ಬೆಳಿಗ್ಗೆ ಬಾಲ್ಕನಿಯಲ್ಲಿ ಕುಳಿತು, ನನ್ನ ಹೊಲಿಗೆ ಮಷಿನ್ನಿನ ಚಪ್ಪಟೆ ಸ್ಕ್ರೂಡ್ರೈವರಿನಿಂದ ಒಂದೊಂದನ್ನೇ ಎಬ್ಬಿಸಿ, ಹಳೆಯ ಬಾಚಣಿಗೆಯಿಂದ ಸಾಲು ಹಿಡಿಸುತ್ತಿದ್ದರು.

"ತಗಡಿಗೆ ಕೂತು ತಲಿ ಬಾಚಾಕತ್ತಾನ ನೋಡ," ಎಂದು ಅತ್ತೆ ನನಗೆ ಕೇಳುವಂತೆ ಹೇಳುತ್ತಿದ್ದರು. "ಹೆಂಡತಿಗೆ ಒಂದ ದಿನ ಬಾಚಿಲ್ಲ."

"ಆಕೀ ಕೂದಲಾ ನೆಟ್ಟಗ ಅದಾವ ಬಿಡವಾ," ಎಂದು ಅವರು ತಲೆ ಎತ್ತದೆ ಅನ್ನುತ್ತಿದ್ದರು.

ಎಡದಿಂದ ಅರ್ಧದಷ್ಟು ಆಗಿತ್ತು. ಹಳೆಯ ಬೆಡ್‌ಶೀಟಿನಲ್ಲಿ ಸುತ್ತಿ ಮಂಚದ ಕೆಳಗೆ ಇಟ್ಟಿದ್ದರು. ಆಗಲೇ ಒಂದು ದಿನ ಕಾರ್ಖಾನೆಯಲ್ಲಿ, ಮಧ್ಯಾಹ್ನದ ಊಟಕ್ಕೆ ಸ್ವಲ್ಪ ಮುಂಚೆ, ಕುಳಿತಲ್ಲೇ ಅವರ ಹೃದಯ ನಿಂತಿತು.

ಆ ದಿನ ಗಾಡಿಯನ್ನು ಅವರ ಜೊತೆಗಾರರೊಬ್ಬರು ಓಡಿಸಿಕೊಂಡು ಬಂದರು. ತಿರುವಿನಲ್ಲಿ ಸಿಳ್ಳು ಕೇಳಿತು. ಇವತ್ತು ಜಲ್ದಿ ಬಂದನಲ್ಲ ಎಂದು ಅತ್ತೆ ಹಂಚು ಇಟ್ಟರು. ಹೇಳಲು ಬಂದವರು ಬಾಗಿಲಲ್ಲಿ ನಿಂತಾಗ ರೊಟ್ಟಿ ಉಬ್ಬಿತ್ತು.

ಅವರ ಜಾಗದ ಬದಲಿಗೆ ಅದೇ ಕಾರ್ಖಾನೆಯ ಕಚೇರಿಯಲ್ಲಿ ನನಗೊಂದು ಕೆಲಸ ಕೊಟ್ಟರು. ಕಾರ್ಖಾನೆಯ ಬಸ್ಸಿನಲ್ಲಿ ಹೋಗಿಬರುತ್ತಿದ್ದೆ. ಗಾಡಿ ಕೆಳಗೆ ಧೂಳು ಹಿಡಿದು ನಿಂತಿತ್ತು. ಶಂಶಾಬಾದಿನ ಕಡೆ ಹೊಸ ರಸ್ತೆಗಳು ಖಾಲಿ ಬಿದ್ದಿದ್ದ ಕಾಲದಲ್ಲಿ ಅವರೇ ನನಗೆ ಓಡಿಸಲು ಕಲಿಸಿದ್ದರು. ಬ್ಯಾಟರಿ ಸಾಯಬಾರದೆಂದು ಭಾನುವಾರ ಸಂಜೆ ನಾನೊಬ್ಬಳೇ ಗಾಡಿ ತೆಗೆಯತೊಡಗಿದೆ.

ಮೆಹದಿಪಟ್ಟಣಂನಿಂದ ವಿಮಾನ ನಿಲ್ದಾಣದ ಕಡೆಗೆ ಹೋಗುವ ಉದ್ದನೆಯ ಮೇಲುಸೇತುವೆಯನ್ನು ಹತ್ತುತ್ತಿದ್ದೆ. ಅದರ ಮೇಲೆ ಊರು ಬೇರೆಯೇ. ಮನೆಗಳ ಮಾಳಿಗೆಗಳು ಕಣ್ಣಿನ ಸಮಕ್ಕೆ ಬರುತ್ತವೆ. ಕರಿಯ ನೀರಿನ ಟ್ಯಾಂಕುಗಳು, ಒಣಗಲು ಹಾಕಿದ ಸೀರೆಗಳು, ಮಾಳಿಗೆಯ ಮೇಲೆ ಕುರ್ಚಿ ಹಾಕಿಕೊಂಡು ಸುಮ್ಮನೆ ಕುಳಿತ ಒಬ್ಬ ಮುದುಕಿ. ಸಂಜೆಯ ಬೆಳಕಿನಲ್ಲಿ ಅವೆಲ್ಲ ನಿಂತ ನೀರಿನ ಮೇಲೆ ತೇಲುವಂತೆ ನಿಧಾನವಾಗಿ ಹಿಂದಕ್ಕೆ ಸರಿಯುತ್ತಿದ್ದವು. ಪಕ್ಕದ ಸೀಟಿನ ಕಡೆ ನಾನು ನೋಡುತ್ತಿರಲಿಲ್ಲ. ನೋಡದಿದ್ದರೆ ಅಲ್ಲಿ ಯಾರೋ ಇದ್ದಾರೆ ಎಂದುಕೊಳ್ಳುವುದು ಸುಲಭ. ಸೇತುವೆ ಇಳಿದು, ಒಂದು ಬಂಡೆಗಲ್ಲಿನ ಗುಡ್ಡದ ಹತ್ತಿರ ಗಾಡಿ ತಿರುಗಿಸಿ, ಅದೇ ದಾರಿಯಲ್ಲಿ ಮನೆಗೆ ಬರುತ್ತಿದ್ದೆ.

ಒಂದು ವಿಚಿತ್ರವೆಂದರೆ, ಒಳಗೆ ಕುಳಿತವರಿಗೆ ಆ ಸಿಳ್ಳು ಅಡುಗೆಮನೆಯಲ್ಲಿ ಕೇಳಿದ ಹಾಗೆ ಕೇಳುವುದಿಲ್ಲ. ಎಂಜಿನ್ನಿನ ಸದ್ದಿನಲ್ಲಿ ಸೇರಿ ಬರೀ ಒಂದು ಉಸುರಿನಂತಿರುತ್ತದೆ. ನಾನು ಕಳೆದುಕೊಂಡಿದ್ದನ್ನು ನಾನೇ ಓಡಿಸಿಕೊಂಡು ಬರುತ್ತಿದ್ದೆ, ಆದರೆ ಅದು ನನಗೆ ಸಿಗುತ್ತಿರಲಿಲ್ಲ. ಮೊದಲ ಭಾನುವಾರ ಮೆಟ್ಟಿಲು ಹತ್ತಿ ಬಂದು ನೋಡಿದರೆ ಒಲೆಯ ಮೇಲೆ ಹಂಚು, ಹಂಚಿನ ಮೇಲೆ ರೊಟ್ಟಿ. ಅತ್ತೆ ಅದನ್ನು ನನ್ನ ತಾಟಿಗೆ ಹಾಕಿದರು. ನಾನು ಕೇಳದೆ ತಿಂದೆ. ಮುಂದಿನ ಭಾನುವಾರವೂ ಹಾಗೆಯೇ. ಅವರ ಕೈ ಇನ್ನೂ ಮಗನನ್ನು ಕಾಯುತ್ತಿದೆ, ಕಾಯಲಿ ಎಂದುಕೊಂಡೆ.

ಹೀಗಿರುವಾಗ ಗಾಡಿ ಸೇತುವೆಯ ಏರಿನಲ್ಲಿ ಕರಿ ಹೊಗೆ ಬಿಟ್ಟು ಮುಂದೆ ಹೋಗಲಾರೆ ಎಂದಿತು. ಸೇತುವೆಯ ಕಂಬಗಳ ಪಕ್ಕದಲ್ಲಿ ಒಂದು ಗ್ಯಾರೇಜು. ಮಿಸ್ತ್ರಿ ಬೀದರ್ ಕಡೆಯ ಮುದುಕ. ನನ್ನ ಹಿಂದಿಯ ಎರಡು ಮಾತು ಕೇಳಿ ತಾನೇ ಕನ್ನಡಕ್ಕೆ ಬಂದ. ಬಾನೆಟ್ ಎತ್ತಿ, ಎಂಜಿನ್ ಶುರುಮಾಡಿ ರೇಸ್ ಕೊಟ್ಟ.

"ಇಲ್ಲಿ ಕೈ ಇಡ್ರಿ ಅಕ್ಕಾರ."

ಗಾಡಿಯಲ್ಲಿದ್ದ ಹಳೆಯ ಇಂಟರ್‌ಕೂಲರಿನ ಅಂಚಿನಲ್ಲಿ, ಜೋಡಣೆಯ ಬಳಿ, ಕೂದಲೆಳೆಯಷ್ಟು ಬಿರುಕು. ನನ್ನ ಅಂಗೈಗೆ ಸಣ್ಣಗೆ ಬಿಸಿಗಾಳಿ ಬಡಿಯಿತು. ಒತ್ತಿ ಹಿಡಿದೆ. ಸಿಳ್ಳು ನಿಂತಿತು. ಕೈ ತೆಗೆದೆ, ಬಂತು. ಎಷ್ಟೋ ವರ್ಷ ಮನೆಯ ಕಿಟಕಿಗೆ ಬರುತ್ತಿದ್ದದ್ದು ಇಷ್ಟು ಸಣ್ಣ ಜಾಗದಿಂದ.

"ಇದು ಒಂದೇ ದಿನಕ್ಕ ಬಿಟ್ಟದ್ದಲ್ರಿ," ಎಂದ ಮಿಸ್ತ್ರಿ. "ದಿನಾ ಇಷ್ಟಿಷ್ಟೇ, ಇಷ್ಟಿಷ್ಟೇ. ಒಳಗ ಕೂತವ್ರಿಗೆ ತಿಳಿಯಲ್ಲ. ಸೋರಿದ ಹವಾ ತುಂಬ್ಸಲಕ್ಕ ಟರ್ಬೊ ಪಾಪ ದುಪ್ಪಟ್ಟು ತಿರಗ್ತದ. ಹಿಂಗೇ ಓಡ್ಸಿದ್ರ ಒಂದಿನ ಸುಟ್ಟು ಕೂಡ್ತದ. ಇಂಟರ್‌ಕೂಲರ್ ಬದಲಿ ಮಾಡ್ಲಕ್ಕೇ ಬೇಕು."

"ಬದಲಿ ಮಾಡಿದ್ರ ಸಿಳ್ಳು ಹೋಗತೈತೇನ್ರಿ?"

"ಹೋಗ್ಲಕ್ಕೇ ಅಲ್ರೀ ಮಾಡೋದು?"

"ಸಿಳ್ಳು ಉಳಿಸಿ ಮಾಡಾಕ ಬರೂದಿಲ್ಲೇನ್ರಿ?"

ಅವನು ನಕ್ಕ. "ಸಿಳ್ಳು ಬೇಕಂದ್ರ ಜಾತ್ರ್ಯಾಗ ಸಿಗ್ತದ ಅಕ್ಕಾರ, ತೊಗೊಂಡು ಊದ್ಕೋತ ಕೂಡ್ರಿ." ಆಮೇಲೆ ನನ್ನ ಮುಖ ನೋಡಿದನೇನೋ, ನಗು ನಿಲ್ಲಿಸಿ ಕೈಯೊರೆಸುವ ಬಟ್ಟೆ ಹುಡುಕತೊಡಗಿದ.

ಆಮೇಲೆ ಬರುತ್ತೇನೆಂದು ಹೇಳಿ ಗಾಡಿಯನ್ನು ಮೆಲ್ಲಗೆ ಮನೆಗೆ ತಂದೆ. ಮೆಟ್ಟಿಲು ಹತ್ತುವಾಗ ಎರಡನೆಯ ಮಹಡಿಯ ತಿರುವಿನಲ್ಲಿ ನನ್ನ ಕಾಲು ನಿಂತಿತು. ಅವರು ನಿಲ್ಲುತ್ತಿದ್ದ ಜಾಗ. ಗೋಡೆಯ ಸುಣ್ಣದ ಮೇಲೆ, ಭುಜದೆತ್ತರಕ್ಕೆ, ಅಂಗೈಯಗಲದ ಮಾಸಿದ ಕಲೆಯೊಂದಿತ್ತು. ಅಲ್ಲಿಯತನಕ ಅದನ್ನು ನಾನು ಕಂಡಿರಲಿಲ್ಲ.

ಗಾಡಿ ಸರಿಮಾಡಿಸಿದರೆ ಅತ್ತೆಯ ಕಿಟಕಿಗೆ ಬರುವ ಆ ಒಂದು ಸದ್ದೂ ಹೋಗುತ್ತದೆ. ಮಗ ಒಮ್ಮೆ ಹೋಗಿದ್ದಾನೆ, ಇನ್ನೊಮ್ಮೆ ನನ್ನ ಕೈಯಿಂದ ಕಳಿಸಬೇಕೆ? ಸರಿಮಾಡಿಸದಿದ್ದರೆ ಗಾಡಿಯೇ ಹೋಗುತ್ತದೆ. ಯೋಚಿಸಲು ಧೈರ್ಯ ಸಾಲದೆ ನಾನು ಮಂಚದ ಕೆಳಗಿನ ಗಂಟು ಬಿಚ್ಚಿದೆ. ಫಿನ್ನುಗಳೆಲ್ಲ ಎದ್ದು ನಿಂತ ಮೇಲೆ ನೋಡೋಣ ಎಂದು ನನಗೆ ನಾನೇ ವಾಯಿದೆ ಹಾಕಿಕೊಂಡೆ.

ಕೆಲಸದಿಂದ ಬಂದು ಬಾಲ್ಕನಿಯಲ್ಲಿ ಕೂಡುತ್ತಿದ್ದೆ. ಅವರು ನಿಲ್ಲಿಸಿದ ಸಾಲಿನಿಂದಲೇ ಶುರುಮಾಡಿದೆ. ಮೊದಮೊದಲು ಕೈ ಜಾರಿ ಎಷ್ಟೋ ಫಿನ್ನುಗಳನ್ನು ಹರಿದೆ. ಆಮೇಲೆ ಬೆರಳಿಗೆ ಹದ ತಿಳಿಯಿತು. ಒತ್ತಬಾರದು, ಬರೀ ಎಬ್ಬಿಸಬೇಕು. ಹತ್ತು ಫಿನ್ನು, ಇಪ್ಪತ್ತು ಫಿನ್ನು. ಆಮೇಲೆ ಎಣಿಕೆ ಮರೆತುಹೋಗಿ, ನಿದ್ದೆಯೂ ಅಲ್ಲದ ಎಚ್ಚರವೂ ಅಲ್ಲದ ಒಂದು ಹೊತ್ತು ಸುತ್ತಲೂ ಕವಿಯುತ್ತಿತ್ತು. ಅದರಲ್ಲಿ ಅವರ ಮೊಣಕೈ ನನ್ನ ಮೊಣಕೈಗೆ ತಾಗುತ್ತಿತ್ತು. ಅವರ ಅರ್ಧ ಹೊಸ ಪುಸ್ತಕದ ಅಂಚಿನಂತೆ ನೇರ. ನನ್ನ ಅರ್ಧ ಸ್ವಲ್ಪ ಡೊಂಕು. ಅತ್ತೆ ಬಾಗಿಲ ಚೌಕಟ್ಟಿಗೆ ಒರಗಿ ನೋಡುತ್ತಿದ್ದರು. ತಲೆ ಬಾಚುವ ಮಾತು ಬರಬಹುದೆಂದು ಕಾದೆ. ಬರಲಿಲ್ಲ.

ಕೊನೆಯ ಸಾಲು ಮುಗಿದ ದಿನ ವಾಯಿದೆಯೂ ಮುಗಿಯಿತು. ಅತ್ತೆ ಮೆಂತ್ಯೆ ಸೊಪ್ಪು ಬಿಡಿಸುತ್ತ ಕುಳಿತಿದ್ದರು. ನಾನೂ ಎದುರಿಗೆ ಕುಳಿತು ಒಂದು ಕಟ್ಟು ಎಳೆದುಕೊಂಡೆ.

"ಅತ್ತೀ, ಇದನ್ನ ಗಾಡಿಗೆ ಹಾಕಿಸಿದ್ರ ಸಿಳ್ಳು ನಿಂತ ಹೋಗತೈತ್ರಿ."

"ನಿಂತ್ರ?"

"ನಿಮಗ ಕೇಳೂದಿಲ್ಲ. ಅವರು ಬಂದಂಗ... ನೀವು ಹಂಚು ಇಡತೀರಲ್ರಿ, ಐತವಾರ ನಾ ಗಾಡಿ ತಂದಾಗ."

ಅತ್ತೆ ಸೊಪ್ಪು ಬಿಡಿಸುವುದನ್ನು ನಿಲ್ಲಿಸಲಿಲ್ಲ. "ಅಂವಾ ಬಂದಾನಂತ ತಿಳದು ಇಡತೀನಿ ಅಂದ್ಕೊಂಡೀಯೇನ? ನನಗ ಹುಚ್ಚ ಹಿಡದೈತೇನ ನಮ್ಮವ್ವಾ?"

ನಾನು ಕಟ್ಟಿನಿಂದ ಇನ್ನೊಂದು ಕಡ್ಡಿ ಎಳೆದೆ.

"ಇಷ್ಟ ಐತವಾರ ಆದವಲ್ಲ, ಆ ರೊಟ್ಟಿ ತಿಂದಾಕಿ ಯಾರ?"

"ನಾನು."

"ಮತ್ತ? ಯಾರಿಗಿ ಬಡದಿದ್ದೆ ಅದನ್ನ?" ಒಂದು ಕಡ್ಡಿಯನ್ನು ಪಕ್ಕಕ್ಕೆ ಎಸೆದರು. "ಒಬ್ಬಾಕಿ ಹೋಗ್ತೀ, ಒಬ್ಬಾಕಿ ಬರ್ತೀ. ಬಾಯಿ ಬಿಚ್ಚಿ ಬಂದ್ನಿ ಅನ್ನಂಗಿಲ್ಲ. ಗಾಡಿ ಒಂದ ಮಾತಾಡತಿತ್ತು, ನೀ ಆಡಂಗಿಲ್ಲ."

ಸ್ವಲ್ಪ ಹೊತ್ತು ಇಬ್ಬರೂ ಸೊಪ್ಪು ಬಿಡಿಸಿದೆವು. ಆಮೇಲೆ ಅವರು ನನ್ನನ್ನು ನೋಡದೆ, ಬೇರೆಯೇ ದನಿಯಲ್ಲಿ ಹೇಳಿದರು. "ಎರಡು ರೊಟ್ಟಿ ಆಗಾಕತ್ತಾಗ ನಾನರ ಕೇಳಬೇಕಿತ್ತು. ಯಾಕಪಾ ತಡಾ, ಅಂತ. ಅಷ್ಟ ಕೇಳಬೇಕಿತ್ತು."

ನಾನೂ ರೊಟ್ಟಿ ಎಣಿಸುತ್ತಿದ್ದೆ ಎಂದು ಹೇಳಲು ಹೋದೆ. ಅತ್ತೆ ಹಸಿರು ಹತ್ತಿದ ಕೈಯನ್ನು ಚಾಚಿ ನನ್ನ ಮಣಿಕಟ್ಟು ಹಿಡಿದರು. ಬಹಳ ಹೊತ್ತು ಬಿಡಲಿಲ್ಲ.

"ಹಾಕ್ಸು," ಎಂದರು. "ಅಂವಾ ಹಾಕ್ಸೂದಿತ್ತು. ಹಾಕ್ಸು."

ಮುಂದಿನ ಭಾನುವಾರ ಬೆಳಿಗ್ಗೆ ಬೆಡ್‌ಶೀಟಿನ ಗಂಟು ಸೀಟಿನಲ್ಲಿಟ್ಟುಕೊಂಡು ಗ್ಯಾರೇಜಿಗೆ ಹೋದೆ. ಮಿಸ್ತ್ರಿ ಅದರ ಎರಡೂ ಬಾಯಿಗೆ ರಬ್ಬರ್ ಬಿರಡೆ ಬಿಗಿದು, ಒಳಗೆ ಗಾಳಿ ತುಂಬಿ, ನೀರಿನ ತೊಟ್ಟಿಯಲ್ಲಿ ಮುಳುಗಿಸಿದ. ಟ್ಯೂಬಿನ ಪಂಕ್ಚರ್ ನೋಡುವಂತೆಯೇ. ಒಂದು ಗುಳ್ಳೆಯೂ ಏಳಲಿಲ್ಲ. ನನಗೆ ತೋರಿಸಲೆಂದು ಬಿಚ್ಚಿದ ಹಳೆಯದನ್ನೂ ಮುಳುಗಿಸಿದ. ಬಿರುಕಿನುದ್ದಕ್ಕೂ ಸಣ್ಣ ಗುಳ್ಳೆಗಳು ಸಾಲುಗಟ್ಟಿ ಮೇಲೆದ್ದವು. ಅವು ಮುಗಿಯುವ ತನಕ ನಾನು ಅಲ್ಲೇ ನಿಂತಿದ್ದೆ. ಅವನೂ ಅವಸರ ಮಾಡಲಿಲ್ಲ.

ಹೊಸದು ಅಗಲವಾಗಿತ್ತು. ಮುಂದಿನ ಜಾಲರಿ ಬಿಚ್ಚಿ, ಪಟ್ಟಿ ಕತ್ತರಿಸಿ ಹಿಡಿಕೆ ಮಾಡಿ, ಎರಡು ಕೊಳವೆಗಳನ್ನು ಬಗ್ಗಿಸಿ, ರಬ್ಬರ್ ಹೋಸಿಗೆ ಕ್ಲಿಪ್ ಬಿಗಿಯುವಷ್ಟರಲ್ಲಿ ಮಧ್ಯಾಹ್ನ ಇಳಿದಿತ್ತು. ಕೂಡಿಸುವ ಮುಂಚೆ ಮಿಸ್ತ್ರಿ ಫಿನ್ನುಗಳ ಮೇಲೆ ಬೆರಳಾಡಿಸಿದ. ನಡುವಿಗೆ ಬಂದಾಗ ಬೆರಳು ನಿಂತಿತು.

"ಇಲ್ಲಿಂದ ಕೈ ಬದಲಿ ಆಗ್ಯಾದ," ಎಂದ.

"ಹೌದ್ರಿ," ಎಂದೆ.

ಒಂದು ಸುತ್ತು ಓಡಿಸಿ ಬಂದ ಮೇಲೆ ಎರಡು ಕೊಳವೆಗಳನ್ನೂ ಮುಟ್ಟಿ ನೋಡಲು ಹೇಳಿದ. ಒಂದು ಸುಡುತ್ತಿತ್ತು. ಇನ್ನೊಂದು ಬಸಿಗೆ ಸುರಿದು ಆರಿಸಿದ ಚಹಾದಷ್ಟೇ ಬೆಚ್ಚಗಿತ್ತು.

ಸಂಜೆ ಸೇತುವೆಯ ಏರನ್ನು ಗಾಡಿ ಏರೇ ಅಲ್ಲವೆಂಬಂತೆ ಹತ್ತಿತು. ಹೊಗೆ ಇಲ್ಲ, ಸಿಳ್ಳು ಇಲ್ಲ. ಮಾಳಿಗೆಗಳು, ಟ್ಯಾಂಕುಗಳು, ಸೀರೆಗಳು ಸದ್ದಿಲ್ಲದೆ ತೇಲಿ ಹೋದವು. ಆ ಮುದುಕಿಯ ಕುರ್ಚಿ ಅಲ್ಲೇ ಇತ್ತು, ಅವಳು ಇರಲಿಲ್ಲ. ಆ ದಿನ ನಾನು ಪಕ್ಕದ ಸೀಟನ್ನು ನೋಡಿದೆ. ಅಲ್ಲಿ ಮಡಿಸಿಟ್ಟ ಬೆಡ್‌ಶೀಟು ಇತ್ತು, ಅಷ್ಟೇ.

ಓಣಿಯ ತಿರುವಿನಲ್ಲಿ ಆಕ್ಸಿಲರೇಟರ್ ಒತ್ತಿದೆ. ಏನೂ ಕೇಳಲಿಲ್ಲ. ಗಾಡಿ ನಿಲ್ಲಿಸಿ ಇಳಿದು ಮೇಲೆ ನೋಡಿದೆ. ಅಡುಗೆಮನೆಯ ಕಿಟಕಿಯಲ್ಲಿ ದೀಪ ಹತ್ತಿತ್ತು. ಮದುವೆಯಾಗಿ ಬಂದಾಗಿನಿಂದ ನಾನು ಆ ಓಣಿಯಲ್ಲಿ ದನಿ ಎತ್ತಿದವಳಲ್ಲ. ಎದುರು ಮನೆಯವರು ಗೇಟಿನ ಬಳಿಯೇ ನಿಂತಿದ್ದರು. ಎರಡು ಸಲ ಬಾಯಿ ತೆರೆದು ಮುಚ್ಚಿದೆ.

"ಅತ್ತೀ," ಎಂದು ಕೂಗಿದೆ. "ನಾ ಬಂದೀನ್ರೀ."

ಮೇಲೆ ಒಲೆಯ ಮೇಲೆ ಹಂಚು ಇಟ್ಟ ಸದ್ದು. ಅದರ ಹಿಂದೆಯೇ ಅತ್ತೆಯ ದನಿ:

"ಬಾ, ಬಾ. ಓಣಿ ಮಂದಿಗೆಲ್ಲಾ ಹೇಳೂದ ಬ್ಯಾಡ. ಒಂದ ರೊಟ್ಟಿ ಆಗೂದರಾಗ ಹತ್ತಿ ಬಾ."