ಅನ್ನದ ತಪ್ಪಲೆಯೊಳಗೆ ಸ್ಕೂಟರ್ ಕೀ

ನೀವು ನಂಬುವುದಿಲ್ಲ, ಬಿಡಿ. ನಮ್ಮ ಕ್ಲಾಸಿನವರೂ ನಂಬಲಿಲ್ಲ. ಹತ್ತನೇ ಕ್ಲಾಸಿನಲ್ಲಿದ್ದಾಗ ನಾನು, ವಕೀಲರ ಕರಿ ಕೋಟು ಇಲ್ಲದೆ, ಅಜ್ಜಿಯ ಉಣ್ಣೆ ಕಾಲುಚೀಲ ಹಾಕಿಕೊಂಡು, ಫೈನಾನ್ಸ್ ವಸೂಲಿಯವನೊಬ್ಬನನ್ನು ಬರೀ ಕಾನೂನಿನಿಂದ ಹೊಡೆದು ಉರುಳಿಸಿದೆ. ಸುಮಾರು ಇಪ್ಪತ್ತು ನಿಮಿಷದ ಮಟ್ಟಿಗೆ.

ಸಾಲ ಚಿಕ್ಕಪ್ಪನದು. ಮಸಿನಗುಡಿಯಲ್ಲಿ ಟೂರಿಸ್ಟರನ್ನು ಸುತ್ತಿಸಲು ಜೀಪು ತೆಗೆದಿದ್ದರು. ಅದು ತೆಪ್ಪಕಾಡಿನ ಹತ್ತಿರ ಹಳ್ಳಕ್ಕೆ ಇಳಿಯಿತು. ಆನೆ ತಳ್ಳಿತು ಅಂತ ಚಿಕ್ಕಪ್ಪ; ಹ್ಯಾಂಡ್‌ಬ್ರೇಕ್ ಹಾಕಿರಲಿಲ್ಲ ಅಂತ ಉಳಿದ ಇಡೀ ಜಿಲ್ಲೆ. ಆಮೇಲೆ ಚಿಕ್ಕಪ್ಪನ ಫೋನ್ ಸ್ವಿಚ್ ಆಫ್ ಆಯಿತು, ವಸೂಲಿಯವನು ಸೋಲೂರಿನ ನಮ್ಮ ಮನೆ ಹುಡುಕಿಕೊಂಡು ಬಂದ.

ಗೂಡಲೂರಿನವನು, ಚಿಕ್ಕಪ್ಪನಿಗೆ ತಮಿಳಿನಲ್ಲಿ ಚಿತ್ತಪ್ಪ ಅನ್ನುವವನು. ಸುಡು ಬಿಸಿಲಿನಲ್ಲೂ ಮಂಕಿ ಕ್ಯಾಪ್. ಘಾಟಿ ದಾರಿಯ ತಿರುವುಗಳೆಲ್ಲ ಅವನ ಮುಖದಲ್ಲಿ ಇನ್ನೂ ತಿರುಗುತ್ತಲೇ ಇದ್ದವು. ಅವತ್ತು ನಮ್ಮ ತೋಟದ ಟೀ ಎಲೆ ಜಾಸ್ತಿ ಇದ್ದದ್ದಕ್ಕೆ ಅಪ್ಪ ಪಕ್ಕದ ಮನೆಯ ಪಿಕಪ್ಪಿನಲ್ಲಿ ತೂಕ ಹಾಕಿಸಲು ಹೋಗಿದ್ದರು. ಅಪ್ಪನ ಸ್ಕೂಟರ್ ಅಂಗಳದಲ್ಲೇ ಇತ್ತು. ಅದು ಹೋದರೆ ಅಪ್ಪ ದಿನಾ ಎಲೆ ಮೂಟೆಯನ್ನು ತಲೆಯ ಮೇಲೆ ಹೊತ್ತು ಏರು ಹತ್ತಬೇಕು. ಅದಕ್ಕಿಂತ ಘೋರವೆಂದರೆ, ನನಗೆ ಹದಿನೆಂಟಾದ ದಿನ ಅದು ನನ್ನದಾಗಬೇಕಿತ್ತು.

“ಅಪ್ಪ ಇಲ್ವಾಮ್ಮಾ? ಈ ಗಾಡಿ ಯಾರ್ದು? ಚಿತ್ತಪ್ಪ ಓಡಿಸೋದಾ?”

ನಾನು ಒಳಗೆ ಓಡಿ ಕೀಯನ್ನು ಖಾಲಿ ಅನ್ನದ ತಪ್ಪಲೆಗೆ ಹಾಕಿ ಮುಚ್ಚಳ ಮುಚ್ಚಿದೆ. ಕಾರಣವಿತ್ತು. ನಮ್ಮ ಸ್ಕೂಲಿನಲ್ಲಿ ಒಬ್ಬ ವಕೀಲಮ್ಮ ಕಾನೂನು ಶಿಬಿರ ಮಾಡಿದ್ದರು. ತಮ್ಮನ ಸಾಲಕ್ಕೆ ಅಣ್ಣನ ಆಸ್ತಿ ಮುಟ್ಟುವ ಹಾಗಿಲ್ಲ. ಸಾಲಗಾರನದೇ ಆದರೂ ಅಡುಗೆ ಪಾತ್ರೆ, ಹಾಸಿಗೆ, ಬೇಸಾಯದ ಸಾಮಾನು ಜಪ್ತಿ ಮಾಡುವ ಹಾಗಿಲ್ಲ ಅಂದಿದ್ದರು. “ಆದರೆ...” ಅಂತ ಅವರು ಮುಂದುವರಿಸುವಾಗ ಹಿಂದಿನಿಂದ ಬಜ್ಜಿಯ ವಾಸನೆ ಬಂತು. ಕ್ಯೂನಲ್ಲಿ ನಾನೇ ಮೊದಲನೆಯವಳು.

“ಕೋರ್ಟ್ ಆರ್ಡರ್ ಇದೆಯಾ ಅಣ್ಣಾ?” ಹೊರಗೆ ಬಂದು ಕೇಳಿದೆ.

“ಇಲ್ಲಮ್ಮಾ, ಸುಮ್ನೆ ವಿಚಾರಿಸೋಕ್ ಬಂದೆ.”

“ಬಿಸಿಲಲ್ ಬಂದವ್ನೆ, ಮೊದ್ಲು ಟೀ ಕುಡೀಲಿ,” ಅಂದರು ಅಜ್ಜಿ. “ಜಗಳ ಆಮೇಲಾಡವ್ವ.”

ಅವನು ಟೀ ಕುಡಿಯುತ್ತಿರುವಾಗಲೇ ನಾನು ಸ್ಕೂಟರಿನ ಸೀಟಿನ ಮೇಲೆ ಒಂದು ಎಲೆ ಚೀಲ ಎಸೆದೆ. “ಇದು ಸ್ಕೂಟರ್ ಅಲ್ಲ, ಬೇಸಾಯದ ಸಾಮಾನು. ಎಲೆ ಹೊರೋದು ಇದೇ. ಎತ್ತು ಅಂತ ತಿಳ್ಕೊಳ್ಳಿ.”

“ಎತ್ತಿಗೆ ಹಾರ್ನ್ ಇರ್ತದಾಮ್ಮಾ?”

“ನಮ್ ಎತ್ತು ಇದಕ್ಕಿಂತ ಜೋರಾಗ್ ಕೂಗ್ತಿತ್ತು ಕಣಪ್ಪಾ,” ಅಂದರು ಅಜ್ಜಿ.

ಅವನು ಸೋತವನಂತೆ ಲೋಟ ಕೆಳಗಿಟ್ಟ. “ಸರಿ. ಇದು ಚಿತ್ತಪ್ಪಂದಲ್ಲ, ಅಪ್ಪಂದೇ ಅಂತ ಬರ್ದು ಕೊಡ್ತೀಯಾ?”

ಎಷ್ಟು ಮೆಲ್ಲಗೆ ಕೇಳಿದನೆಂದರೆ ನನಗೆ ಪಾಪ ಅನ್ನಿಸಿತು. ಗಣಿತದ ನೋಟ್‌ಬುಕ್ಕಿನಿಂದ ಹಾಳೆ ಹರಿದು, ತಲೆಬರಹಕ್ಕೆ ಕೆಂಪು ಪೆನ್ನಿನಿಂದ ಎರಡು ಗೆರೆ ಎಳೆದು ಬರೆದೆ: ಟಿವಿ ಅಪ್ಪನದು, ಫ್ರಿಡ್ಜ್ ಅಪ್ಪನದು, ಕರುವಿನ ಸಮೇತ ಹಸು ಅಪ್ಪನದು, ಸ್ಕೂಟರ್ ಅಪ್ಪನದೇ, ಆರ್‌ಸಿ ಬುಕ್ಕಿನ ಜೆರಾಕ್ಸ್ ಲಗತ್ತಿಸಿದೆ. ಈ ಮನೆಯಲ್ಲಿ ಚಿಕ್ಕಪ್ಪನದು ಅಂತ ಇರುವುದು ಒಂದು ಹರಿದ ಸ್ವೆಟರ್. ಅದನ್ನು ಧಾರಾಳವಾಗಿ ಒಯ್ಯಬಹುದು. ಸಾಕ್ಷಿ: ಅಜ್ಜಿ.

“ರೊಂಬ ಥ್ಯಾಂಕ್ಸ್ ಮಾ,” ಅಂತ ಅವನು ಹಾಳೆಯನ್ನು ಫೈಲಿನಲ್ಲಿಟ್ಟುಕೊಂಡು ಇನ್ನೊಂದು ಟೀ ಕೇಳಿದ. ಗೆದ್ದವಳ ಗತ್ತಿನಲ್ಲಿ ಸಕ್ಕರೆ ಜಾಸ್ತಿ ಹಾಕಿಕೊಟ್ಟೆ.

ಆಗ ಅಪ್ಪ ಬಂದರು.

ನಾನು ನನ್ನ ಪರಾಕ್ರಮ ಹೇಳಲು ಬಾಯಿ ತೆರೆಯುವಷ್ಟರಲ್ಲಿ ವಸೂಲಿಯವನು ಫೈಲಿನಿಂದ ಇನ್ನೊಂದು ಕಾಗದ ತೆಗೆದು ಅಪ್ಪನ ಮುಂದೆ ಹಿಡಿದ. ಜೀಪಿನ ಸಾಲದ ಪತ್ರ. ಕೆಳಗೆ, ಜಾಮೀನುದಾರ ಅಂತ ಇದ್ದ ಕಡೆ, ಅಪ್ಪನ ಸಹಿ. ಎಲೆ ತೂಕದ ಚೀಟಿಗೆ ದಿನಾ ಓದದೆ ಹಾಕುತ್ತಾರಲ್ಲ, ಅದೇ ಸಹಿ. ಜಾಮೀನು ನಿಂತವರ ಆಸ್ತಿಯಿಂದ ವಸೂಲಿ ಮಾಡಬಹುದು; ಆ ಆಸ್ತಿಯ ಪಟ್ಟಿಯನ್ನು ನಾನೇ ಬರೆದುಕೊಟ್ಟಿದ್ದೆ. ವಕೀಲಮ್ಮನ ‘ಆದರೆ’ ಇದೇ ಆಗಿತ್ತಂತೆ. ಬಜ್ಜಿ ಸಿಗದೆ ಕೂತಿದ್ದ ಹುಡುಗಿಯರು ಆಮೇಲೆ ಹೇಳಿದರು.

“ಆರ್ಡರ್ ಇಲ್ಲಪ್ಪಾ ಅವ್ರ ಹತ್ರ!” ಅಂದೆ.

“ನಾನೇ ಸಹಿ ಹಾಕಿವ್ನಿ. ಇಲ್ಲ ಅನ್ನಕ್ಕಾಯ್ತದಾ?” ಅಂದರು ಅಪ್ಪ. ಅವನ ಕಡೆ ತಿರುಗಿ, “ತಮ್ಮನ ಕಂತು ನಾನ್ ಕಟ್ತೀನಿ. ಅಲ್ಲೀಗಂಟ ಗಾಡಿ ನಿಮ್ಮತ್ರಾನೇ ಇರ್ಲಿ.”

ಆಮೇಲೆ ನನ್ನ ಹಾಳೆಯನ್ನು ಕೇಳಿ ಪಡೆದು, ಜೀವನದಲ್ಲಿ ಮೊದಲ ಸಲ ಒಂದು ಕಾಗದವನ್ನು ಪೂರ್ತಿ ಓದಿದರು. ಸ್ವೆಟರಿನವರೆಗೂ.

“ಅಕ್ಷರ ಚೆನ್ನಾಗದೆ,” ಅಂದರು. “ಕೀ ಎಲ್ಲವ್ವ?”

ಅಜ್ಜಿ, ನನ್ನ ಏಕೈಕ ಸಾಕ್ಷಿ, ತಪ್ಪಲೆಯ ಕಡೆ ಬೆರಳು ತೋರಿಸಿದರು.

“ಅಡುಗೆ ಪಾತ್ರೆ ಮುಟ್ಟೋ ಹಾಗಿಲ್ಲ,” ಅಂದೆ, ಸಣ್ಣ ದನಿಯಲ್ಲಿ.

ಅಪ್ಪ ಮುಟ್ಟಿದರು.