‘ಇಲ್ಲ’ ಎನ್ನಲೊಪ್ಪದ ಬಾವ

ಊರಿಗೆಲ್ಲ ಮೊಬೈಲು ಆಗತಾನೆ ಬರುತ್ತಿದ್ದ ಕಾಲ. ನಾನು ಗುಂಡ್ಲುಪೇಟೆಯ ಒಂದು ನರ್ಸಿಂಗ್ ಹೋಮಿನಲ್ಲಿ ನರ್ಸು. ಒಂದು ದಿನ ರೋಗಿಗೆ ಇಂಜೆಕ್ಷನ್ ಕೊಟ್ಟು ಮುಚ್ಚಳ ಹಾಕುವಾಗ ಸೂಜಿ ನನ್ನ ಬೆರಳಿಗೇ ಚುಚ್ಚಿತು. ಯಾರಿಗೂ ಹೇಳದೆ ಚಾಮರಾಜನಗರಕ್ಕೆ ಹೋಗಿ ಎಚ್‌ಐವಿ ಪರೀಕ್ಷೆ ಮಾಡಿಸಿಕೊಂಡೆ. ಏನೂ ಇಲ್ಲ ಎಂದು ಬಂತು. ಆದರೆ ನಮ್ಮ ಕಡೆ ಪರೀಕ್ಷೆ ಮಾಡಿಸಿಕೊಂಡದ್ದೇ ಒಂದು ಕಾಯಿಲೆ. ಗೊತ್ತಾದರೆ ಮದುವೆಯ ಮಾತು ಮರೆತ ಹಾಗೇ.

ವಾಪಸು ಬರುವಾಗ ಆ ಪರೀಕ್ಷಾ ಕೇಂದ್ರದ ವರಾಂಡದಲ್ಲಿ ನಮ್ಮ ಸೋದರತ್ತೆಯ ಮಗನನ್ನು ಕಂಡು, ಮುಖ ತಿರುಗಿಸಿಕೊಂಡು ಸರಸರನೆ ಹೊರಬಿದ್ದೆ. ಬಾವ ಅಲ್ಲಿ ಕಂಪ್ಯೂಟರ್ ಕೆಲಸಕ್ಕೆ ಸೇರಿದ್ದ. ಪರೀಕ್ಷೆಗೆ ಬಂದವರ ಹೆಸರುಗಳನ್ನು ಅಲ್ಲಿನ ಡಾಕ್ಟರ್ ಮೇಡಂ ಒಬ್ಬರೇ ಕಂಪ್ಯೂಟರಿಗೆ ಬರೆಯುತ್ತಾರೆ, ಅವರ ಪಾಸ್‌ವರ್ಡ್ ಇಲ್ಲದೆ ನೋಡಿದರೆ ಬರೀ ಅರ್ಥವಿಲ್ಲದ ಅಕ್ಷರಗಳು ಎಂದು ಆಮೇಲೆ ಮನೆಗೆ ಬಂದಾಗ ವಿವರಿಸಿದ. “ಕಾಯೋನು ನಾನೇ. ತೆಗ್ದು ಓದಕ್ಕೆ ನನ್ ಕೈಲೂ ಆಗಲ್ಲ,” ಅಂದ. ಕಂಪ್ಯೂಟರಿಗೇನೋ ಬೀಗ, ಸರಿ. ಅವನ ಕಣ್ಣಿಗೆ? ನನ್ನನ್ನು ನೋಡಿದ್ದನೋ ಇಲ್ಲವೋ, ಕೇಳುವ ಧೈರ್ಯ ನನಗಿರಲಿಲ್ಲ.

ಅಂಥದ್ದರಲ್ಲಿ ಹರವೆಯಿಂದ ಹುಡುಗ, ಅವನ ತಾಯಿ, ಅಕ್ಕ ನನ್ನನ್ನು ನೋಡಲು ಬಂದರು. ಸಂಬಂಧ ಕೂಡಿಸುವ ಮುಂಚೆ ಆಸ್ಪತ್ರೆಯಲ್ಲೋ ಠಾಣೆಯಲ್ಲೋ ಇರುವ ನೆಂಟರನ್ನು ಹಿಡಿದು ಒಳಗಿನ ಸುದ್ದಿ ಕೆದಕುವುದು ನಮ್ಮಲ್ಲಿ ವಾಡಿಕೆ. ಅಪ್ಪ ಜಂಬಕ್ಕೆ ಬಾವನನ್ನು ಕರೆಸಿದ್ದರು. ಅವನ ಕೆಲಸ ಏನೆಂದು ತಿಳಿದದ್ದೇ ತಡ, ಹುಡುಗನ ತಾಯಿ ಹತ್ತಿರ ಸರಿದು ಕೂತರು.

“ನಿಮ್ ಕಂಪ್ಯೂಟ್ರಲ್ಲಿ ಯಾರ್ಯಾರು ಅವ್ರೆ ಅಂತ ಏಳ್ಬೇಡ ಕಣಪ್ಪ. ಈ ಉಡ್ಗಿ ಇಲ್ಲ ಅಂತ ಒಂದ್ ಮಾತ್ ಏಳ್ಬುಡು, ಸಾಕು.”

ಕಾಫಿ ತಟ್ಟೆ ಹಿಡಿದು ಹೊರಟಿದ್ದ ನಾನು ಬಾಗಿಲ ಹಿಂದೆಯೇ ನಿಂತೆ.

“ನಂಗೆ ಎಸ್ರು ಕಾಣಲ್ಲ ಕಣಮ್ಮ,” ಅಂದ ಬಾವ.

“ನಮ್ಮನೆ ಉಡ್ಗಿ ಕಣ್ಲಾ! ಇಲ್ಲ ಅನ್ನಕ್ಕೆ ಏನ್ಲಾ ನಿಂಗೆ?” ಅಪ್ಪ ರೇಗಿದರು.

“ಇವತ್ತು ಇವ್ಳಿಗೆ ಇಲ್ಲ ಅಂದ್ಬುಟ್ಟು ನಾಳೆ ಇನ್ನೊಬ್ಳಿಗೆ ಸುಮ್ನಿದ್ರೆ, ಅವ್ಳು ಅದ್ರಲ್ಲಿ ಅವ್ಳೆ ಅಂತ್ಲೇ ಆಗೋಯ್ತದೆ ಮಾವ. ಅದ್ಕೇ ಯಾರ್ಗೂ ಏನೂ ಅನ್ನಲ್ಲ.”

ಇವತ್ತು ಆ ಮಾತು ನ್ಯಾಯ ಅನ್ನಿಸುತ್ತದೆ. ಆವತ್ತು ಅವನ ಕತ್ತು ಹಿಸುಕುವಷ್ಟು ಸಿಟ್ಟು ಬಂದಿತ್ತು, ಸಿಟ್ಟಿಗಿಂತ ಹೆಚ್ಚು ಹೆದರಿಕೆ. ನನ್ನ ಕಥೆ ಮುಗಿಯಿತು ಅಂದುಕೊಂಡೆ.

ನೀರು ಬೇಕೆಂದು ಹುಡುಗನ ಅಕ್ಕ ಒಳಗೆ ಬಂದಳು. ನನ್ನ ಕೈಲಿದ್ದ ತಟ್ಟೆ ಇಳಿಸಿಟ್ಟು ಕೈ ಹಿಡಿದಳು. ಅವಳ ಅಂಗೈ ನನ್ನದಕ್ಕಿಂತ ತಣ್ಣಗಿತ್ತು.

“ಆ ಕಂಪ್ಯೂಟ್ರಲ್ಲಿ ನನ್ ಎಸ್ರೂ ಅದೆ ಕಣಮ್ಮಿ,” ಎಂದು ಪಿಸುಗುಟ್ಟಿದಳು. “ನಿಮ್ ಬಾವ ಬಾಯಿ ಬುಟ್ಟಿದ್ರೆ ನಮ್ಮವ್ವ ಮುಂದ್ಕೆ ನನ್ ಇಚಾರಾನೂ ಕೇಳೋಳು. ಗುಟ್ಟು ಕಾಯೋ ಇಂಥ ಮನೆ ಸಂಬಂಧನೇ ಬೇಕು ಅಂತ ನಾನೇ ಅವ್ವನ್ನ ಒಪ್ಪಿಸ್ತೀನಿ.”

ಕಾಫಿ ಎಲ್ಲಿ ಎಂದು ಹಜಾರದಿಂದ ಅವಳ ತಾಯಿ ಕೂಗಿದರು. ಇಬ್ಬರೂ ಒಟ್ಟಿಗೇ ಬೆಚ್ಚಿಬಿದ್ದೆವು.