ತೆಂಗಿನ ನಾರು ತುಂಬಿದ ಚೀಲ

ನಾನು ನರ್ಸಾಗಿದ್ದೇನೆ, ನ್ಯಾಯಾಧೀಶೆಯಾಗಿದ್ದೇನೆ, ಮೂವರು ನಾಯಕರಿಗೆ ತಾಯಿಯಾಗಿದ್ದೇನೆ, ಒಂದು ಧಾರಾವಾಹಿಯಲ್ಲಿ ಸೊಸೆಯ ಹಾಲಿಗೆ ವಿಷ ಬೆರೆಸಿದ್ದೇನೆ. ಕುಶಾಲನಗರದ ಬಸ್‌ಸ್ಟ್ಯಾಂಡಿನಲ್ಲಿ ಜನ ನನ್ನ ಮುಖ ನೋಡಿ, “ಎಲ್ಲೋ ನೋಡಿದೀವಲ್ಲ, ಬ್ಯಾಂಕಲ್ಲಿದ್ದೀರಾ?” ಎನ್ನುತ್ತಾರೆ. ನನಗೆ ಅದೂ ಸಂತೋಷವೇ.

ಮೊದಲು ನಾನು ಮಾದಾಪುರದ ಹತ್ತಿರ ಶಾಲೆಯೊಂದರಲ್ಲಿ ಟೀಚರಾಗಿದ್ದೆ. ರಜೆಯಲ್ಲಿ ನಾಟಕ ಮಾಡುತ್ತಿದ್ದೆ. ಅದನ್ನು ನೋಡಿದ ನಿರ್ದೇಶಕರೊಬ್ಬರು ಧಾರಾವಾಹಿಯಲ್ಲಿ ನಾಲ್ಕೇ ಕಂತಿನ ಪಾತ್ರ ಕೊಟ್ಟರು: ಕಾಫಿ ಎಸ್ಟೇಟಿನ ಕೂಲಿ ಹೆಂಗಸು. ಕ್ಯಾಮೆರಾ ಮುಂದೆ ನಿಂತಾಗ, ನಮ್ಮ ಶಾಲೆಯಲ್ಲಿ ಬಿಸಿಯೂಟ ಮಾಡುವ ಅಕ್ಕನ ಮಾತು ತಾನಾಗಿ ಬಾಯಿಗೆ ಬಂತು. ಆಕೆಯ ಮನೆಮಾತು ತಮಿಳು. ಎಸ್ಟೇಟಿನ ಲೈನಿನಲ್ಲೇ, ಅಂದರೆ ಕೂಲಿಯವರ ಸಾಲುಮನೆಗಳಲ್ಲೇ ಹುಟ್ಟಿ, ವರ್ಷಗಟ್ಟಲೆ ಕಾಫಿ ಪಿಕಿಂಗ್ ಮಾಡಿ, ಆಮೇಲೆ ಅಡುಗೆ ಕೆಲಸಕ್ಕೆ ಸೇರಿದವಳು.

ಪ್ರಸಾರವಾದ ಮರುದಿನ ಸ್ಟಾಫ್‌ರೂಮಿನಲ್ಲಿ ಎಲ್ಲರೂ ನಕ್ಕರು. “ಅಡುಗೆಯವಳನ್ನೇ ಇಳಿಸಿಬಿಟ್ಟಿದ್ದೀರಿ!” ಆ ನಗು ನನಗೆ ಚುಚ್ಚಿತು. ನೇರ ಅಡುಗೆಮನೆಗೆ ಹೋದೆ. ಅಕ್ಕ ಅಕ್ಕಿ ತೊಳೆಯುತ್ತಿದ್ದಳು.

“ಕೇಳದೇ ನಿಮ್ಮ ಥರ ಮಾತಾಡಿಬಿಟ್ಟೆ ಅಕ್ಕ. ಬೇಜಾರಾಯ್ತಾ?”

“ಬೇಜಾರೆಂಥದು ಟೀಚರ್? ಟಿವೀಲಿ ನಮ್ಮಂಗೆ ಮಾತಾಡೋರು ಯಾರವ್ರೆ? ಲೈನಲ್ಲಿ ಎಲ್ಲ ಕೂತ್ಕಂಡು ನೋಡಿದ್ರು. ಆದ್ರೆ ನೀವು ತಲೆಗೆ ಏರ್ಸಿದ್ರಲ್ಲ, ಆ ಚೀಲದಲ್ಲಿ ಎಂಥ ತುಂಬಿದ್ರು?”

“ತೆಂಗಿನ ನಾರು.”

ಅಕ್ಕನಿಗೆ ನಗು ತಡೆಯಲಾಗಲಿಲ್ಲ. “ಅದಕ್ಕೇ! ಕಾಫಿ ಹಣ್ಣಿನ ಚೀಲ ಒಬ್ಳೇ ತಲೆಗೆ ಏರ್ಸಕ್ಕಾಗಲ್ಲ, ಇನ್ನೊಬ್ರು ಕೈ ಕೊಡ್ಬೇಕು. ನೀವು ಹೂವಿನ ಬುಟ್ಟಿ ಎತ್ತಿದಂಗೆ ಎತ್ತಿದ್ರಿ.”

ಅಂದು ಊಟ ಮುಗಿದ ಮೇಲೆ ಅಕ್ಕ ಟವೆಲಿನಿಂದ ಸಿಂಬೆ ಸುತ್ತಿ ನನ್ನ ತಲೆಯ ಮೇಲಿಟ್ಟಳು. ಇನ್ನೊಬ್ಬ ಅಡುಗೆಯಾಕೆಯ ಜೊತೆ ಸೇರಿ ಅದರ ಮೇಲೆ ಅರ್ಧ ಮೂಟೆ ಅಕ್ಕಿ ಹೊರಿಸಿದಳು. ಕತ್ತು ಒಳಕ್ಕೆ ಇಳಿಯಿತು. ಪಕ್ಕಕ್ಕೆ ನೋಡಬೇಕೆಂದರೆ ಇಡೀ ಮೈಯನ್ನೇ ತಿರುಗಿಸಬೇಕಾಯಿತು.

“ಈಗ ಡೈಲಾಗ್ ಹೇಳಿ,” ಎಂದಳು.

ಉದ್ದದ ಮಾತು ಅರ್ಧಕ್ಕೇ ನಿಂತಿತು. ಉಳಿದದ್ದನ್ನು ಹೇಳಲು ಉಸಿರೇ ಇರಲಿಲ್ಲ.

ಮುಂದಿನ ಚಿತ್ರೀಕರಣದಲ್ಲಿ ನಿಜವಾದ ಭಾರದ ಚೀಲ ಕೇಳಿದೆ, ಕೈ ಕೊಡಲು ಇನ್ನೊಬ್ಬ ಹೆಂಗಸನ್ನೂ ಕೇಳಿದೆ. ನಿರ್ದೇಶಕರು ಸಮಯ ಹಾಳೆಂದು ಗೊಣಗಿದರೂ ಒಪ್ಪಿದರು. ಶಾಟ್ ಮುಗಿದಾಗ ಅದನ್ನು ಮಾನಿಟರಿನಲ್ಲಿ ಎರಡು ಸಲ ನೋಡಿದರು. ನಾಲ್ಕು ಕಂತಿಗೆಂದು ಬಂದ ಆ ಪಾತ್ರ ಎರಡು ವರ್ಷ ನಡೆಯಿತು. ಆಮೇಲೆ ಸಿನಿಮಾಗಳು ಬಂದವು. ನ್ಯಾಯಾಧೀಶೆಯಾಗುವ ಮೊದಲು ಮಡಿಕೇರಿಯ ಕೋರ್ಟಿನ ಹಿಂದಿನ ಬೆಂಚಿನಲ್ಲಿ ಒಂದು ವಾರ ಕೂತೆ. ನರ್ಸಾಗುವ ಮೊದಲು ನಮ್ಮೂರಿನ ಆಸ್ಪತ್ರೆಯ ಸಿಸ್ಟರೊಬ್ಬರ ಹಿಂದೆ ತಿರುಗಿದೆ. ಕೇಳಿದರೆ ಯಾರೂ ಇಲ್ಲ ಅನ್ನಲಿಲ್ಲ.

ಟೀಚರ್ ಕೆಲಸ ಬಿಟ್ಟ ದಿನ ಶಾಲೆಯಲ್ಲಿ ಬೀಳ್ಕೊಡುಗೆ ಇಟ್ಟುಕೊಂಡಿದ್ದರು. ನನಗೆ ಅಭಿನಯ ಕಲಿಸಿದ ಗುರು ಈ ಶಾಲೆಯ ಅಡುಗೆಮನೆಯಲ್ಲಿದ್ದಾರೆ ಎಂದು ಮೈಕಿನಲ್ಲಿ ಹೇಳಿದೆ. ಎಲ್ಲರೂ ಚಪ್ಪಾಳೆ ತಟ್ಟಿದರು. ಅಕ್ಕ ಹೊರಗೆ ಬರಲೇ ಇಲ್ಲ. ನಾನೇ ಒಳಗೆ ಹೋಗಿ ಕಾಲಿಗೆ ಬಗ್ಗಿದೆ.

“ಎಂಥ ಮಾಡ್ತೀರಿ ಟೀಚರ್! ಬಿಸಿ ಪಾತ್ರೆ ಐತೆ, ಹುಷಾರು,” ಎಂದು ಗದರಿ, ಸೌಟಿನಿಂದ ನನ್ನ ಅಂಗೈಗೆ ಒಂದಿಷ್ಟು ಪಾಯಸ ಸುರಿದಳು. “ಸಿಹಿ ಸಾಕಾ ನೋಡಿ.”